ಯಾರು ನೀವು ಎಂದು ಕೇಳದ ಬಾಗಿಲು

ಸಾರ್ವಜನಿಕ ಗ್ರಂಥಾಲಯಗಳಿಗೆ ಎಷ್ಟು ಹಣ, ಎಷ್ಟು ಹೊತ್ತು, ಯಾವ ಪುಸ್ತಕ ಎಂದು ತೀರ್ಮಾನಿಸುವ ಎಲ್ಲ ಜನಪ್ರತಿನಿಧಿಗಳಿಗೆ,

ನಮಸ್ಕಾರ.

ನಾನು ಗ್ರಂಥಪಾಲಕ ಅಲ್ಲ, ಪ್ರಾಧ್ಯಾಪಕನೂ ಅಲ್ಲ. ಲೈಬ್ರರಿಗೆ ಹೋಗಿ ಕೂತು ಓದುವ ಒಬ್ಬ ಸಾಮಾನ್ಯ ಮನುಷ್ಯ. ಖರ್ಚು ಕಡಿಮೆ ಮಾಡುವ ಮಾತು ಬಂದಾಗಲೆಲ್ಲ ಮೊದಲು ಕತ್ತರಿ ಬೀಳುವುದು ಲೈಬ್ರರಿಗೆ. ಆಸ್ಪತ್ರೆಯ ಹಣ ಇಳಿಸಿದರೆ ಕೂಗು ಏಳುತ್ತದೆ. ರಸ್ತೆ ರಿಪೇರಿ ನಿಲ್ಲಿಸಿದರೆ ಮರುದಿನವೇ ಜನ ನಿಮ್ಮ ಮನೆ ಬಾಗಿಲಿಗೆ ಬರುತ್ತಾರೆ. ಲೈಬ್ರರಿಗೆ ಹೋಗುವವರು ಗುಂಪು ಕಟ್ಟಿಕೊಂಡು ಬರುವವರಲ್ಲ. ಒಬ್ಬೊಬ್ಬರೇ ಬರುತ್ತಾರೆ, ಒಬ್ಬೊಬ್ಬರೇ ಹೋಗುತ್ತಾರೆ. ಬಾಗಿಲು ಮುಚ್ಚಿದ್ದರೆ ಸುಮ್ನೆ ವಾಪಸ್ ಹೋಗಿಬಿಡುತ್ತಾರೆ. ಅವರ ಪರವಾಗಿ ಈ ಪತ್ರ.

ನಾನು ಹೋಗುವ ಲೈಬ್ರರಿಯಲ್ಲಿ ಬೆಳಿಗ್ಗೆ ಬಾಗಿಲು ತೆರೆಯುವ ಮುಂಚೆಯೇ ಒಬ್ಬ ಅಜ್ಜ ಮೆಟ್ಟಿಲ ಮೇಲೆ ಕೂತಿರುತ್ತಾರೆ. ಒಳಗೆ ಬಂದವರೇ ಮೂರು ದಿನಪತ್ರಿಕೆ ತಂದು ಮೇಜಿನ ಮೇಲೆ ಪಕ್ಕಪಕ್ಕ ಹರಡುತ್ತಾರೆ. ಸುದ್ದಿ ಒಂದೇ, ಪತ್ರಿಕೆ ಮೂರು. ಜೇಬಿನಿಂದ ಭೂತಗನ್ನಡಿ ತೆಗೆದು ಸಾಲಿನ ಮೇಲೆ ಜರುಗಿಸುತ್ತಾ ಹೋಗುತ್ತಾರೆ. ಎರಡನೆಯದನ್ನು ಓದುತ್ತಾ ಮಧ್ಯದಲ್ಲಿ ನಿಲ್ಲಿಸಿ ಮತ್ತೆ ಮೊದಲನೆಯದಕ್ಕೆ ಬರುತ್ತಾರೆ. ಒಂದು ದಿನ ತಡೆಯಲಾರದೆ ಕೇಳಿದೆ, "ಅಜ್ಜಾ, ಒಂದೇ ಸುದ್ದೀನ ಮೂರು ಸಲ ಯಾಕೆ ಓದ್ತೀರಿ?" ಅವರು ಕನ್ನಡಿಯಿಂದ ಕಣ್ಣು ತೆಗೆಯದೆ ಹೇಳಿದರು, "ಒಬ್ಬರು ಬಿಟ್ಟಿದ್ದನ್ನ ಇನ್ನೊಬ್ಬರು ಬರೆದಿರ್ತಾರಪ್ಪ. ಮೂರೂ ಓದಿದ್ರೆ ನಡೆದದ್ದೇನು ಅಂತ ಸ್ವಲ್ಪ ಅಂದಾಜಾಗತ್ತೆ."

ಮೂರು ಪತ್ರಿಕೆ ಮನೆಗೆ ತರಿಸಿಕೊಳ್ಳುವಷ್ಟು ದುಡ್ಡು ಆ ಅಜ್ಜನ ಹತ್ತಿರ ಇಲ್ಲ. ಆದರೆ ಮತ ಹಾಕುವ ದಿನ ಅವರ ಮತಕ್ಕೂ ನಿಮ್ಮ ಮತಕ್ಕೂ ಒಂದೇ ತೂಕ. ಆ ತೂಕ ಸುಮ್ನೆ ಕಾಗದದ ಮೇಲೆ ಉಳಿಯಬಾರದು ಅಂದರೆ, ಮತ ಹಾಕುವ ಮುಂಚೆ ಯೋಚನೆ ಮಾಡಲು ಬೇಕಾದ ಸಾಮಾನು ಅವರ ಕೈಗೂ ಸಿಗಬೇಕು ಅಲ್ವಾ? ಪ್ರಜಾಪ್ರಭುತ್ವಕ್ಕೂ ಲೈಬ್ರರಿಗೂ ಇರುವ ನಂಟು ನನಗೆ ಅರ್ಥವಾದದ್ದು ಆ ಮೇಜಿನ ಹತ್ತಿರ, ಯಾವ ಭಾಷಣದಿಂದಲೂ ಅಲ್ಲ.

ಈಗ ಎಲ್ಲರೂ ಕೇಳುವ ಪ್ರಶ್ನೆಯನ್ನು ನೀವೂ ಕೇಳುತ್ತೀರಿ ಅಂತ ನನಗೆ ಗೊತ್ತು. ಎಲ್ಲವೂ ಫೋನಿನಲ್ಲಿ ಸಿಗುವಾಗ ಲೈಬ್ರರಿ ಯಾಕೆ?

ಫೋನನ್ನು ನಾನೂ ಬಳಸುತ್ತೇನೆ, ಅದರ ಉಪಕಾರ ದೊಡ್ಡದು. ಆದರೆ ಫೋನಿಗೆ ನಾನು ಯಾರು ಅಂತ ಚೆನ್ನಾಗಿ ಗೊತ್ತು. ನಿನ್ನೆ ಏನು ನೋಡಿದೆ, ಯಾವುದರ ಮೇಲೆ ಜಾಸ್ತಿ ಹೊತ್ತು ನಿಂತೆ, ಎಲ್ಲವನ್ನೂ ಲೆಕ್ಕ ಇಟ್ಟುಕೊಂಡು ಇವತ್ತು ಅಂಥದ್ದನ್ನೇ ಎದುರಿಗೆ ತಂದಿಡುತ್ತದೆ. ನಾನು ಸಿಟ್ಟಾಗುವ ವಿಷಯ ಕಂಡರೆ ಇನ್ನೂ ನಾಲ್ಕು ಕೊಡುತ್ತದೆ. ಲೈಬ್ರರಿಯ ಕಪಾಟು ಹಾಗಲ್ಲ. ನನಗಾಗಿ ಒಂದು ಜೋಡಣೆ, ಪಕ್ಕದವರಿಗಾಗಿ ಇನ್ನೊಂದು ಅಂತ ಅಲ್ಲಿ ಇಲ್ಲ. ನಾನು ಒಪ್ಪುವ ಪುಸ್ತಕದ ಪಕ್ಕದಲ್ಲೇ ನನಗೆ ಒಂಚೂರೂ ಹಿಡಿಸದ ಪುಸ್ತಕ ಭುಜಕ್ಕೆ ಭುಜ ತಾಗಿಸಿ ನಿಂತಿರುತ್ತದೆ. ಒಂದಕ್ಕೆ ಕೈ ಹಾಕಿದಾಗ ಇನ್ನೊಂದು ಕೈಗೆ ಬಂದದ್ದು ನನ್ನ ಬದುಕಿನಲ್ಲಿ ಎಷ್ಟು ಸಲವೋ. ನನ್ನ ಅಭಿಪ್ರಾಯ ಒಂದೆರಡು ಬದಲಾದದ್ದೂ ಹಾಗೆಯೇ.

ಇನ್ನು ಫೋನೇ ಸರಿಯಾಗಿ ಇಲ್ಲದವರು, ಇದ್ದರೂ ಸರ್ಕಾರದ ಅರ್ಜಿಯನ್ನು ಆ ಪುಟ್ಟ ಪರದೆಯಲ್ಲಿ ತುಂಬಲಾಗದವರು ಬೇಕಾದಷ್ಟು ಜನ ಇದ್ದಾರೆ. ಸೌಲಭ್ಯಗಳನ್ನೆಲ್ಲ ನೀವೇ ಆನ್‌ಲೈನ್‌ಗೆ ಒಯ್ದಿರಿ. ಅದನ್ನು ಮುಟ್ಟಲು ಬೇಕಾದ ಕಂಪ್ಯೂಟರ್ ದುಡ್ಡಿಲ್ಲದೆ ಸಿಗುವ ಜಾಗ ಇವತ್ತು ಲೈಬ್ರರಿ ಒಂದೇ. ಗ್ರಂಥಪಾಲಕರು ಒಬ್ಬರಿಗೆ ಅರ್ಜಿ ತುಂಬಲು ಹೇಳಿಕೊಡುತ್ತಾ, ಪಾಸ್‌ವರ್ಡ್ ಹಾಕುವ ಹೊತ್ತಿಗೆ ಮುಖವನ್ನು ಆ ಕಡೆ ತಿರುಗಿಸಿ ನಿಲ್ಲುವುದನ್ನು ನೋಡಿದ್ದೇನೆ. ಸಣ್ಣ ವಿಷಯ. ಆದರೆ ಎದುರಿಗೆ ಕೂತವರ ಮಾನ ಕಾಪಾಡುವುದು ಅಂದರೆ ಅದೇ.

ಸಾರ್ವಜನಿಕ ಲೈಬ್ರರಿ ಆಕಾಶದಿಂದ ಬಿದ್ದದ್ದಲ್ಲ. ನಿಮ್ಮಂಥ ಜನಪ್ರತಿನಿಧಿಗಳು ವಾದ ಮಾಡಿ, ಮತ ಹಾಕಿ ತಂದದ್ದು. 1833ರಲ್ಲಿ ಅಮೆರಿಕದ ನ್ಯೂ ಹ್ಯಾಂಪ್‌ಶೈರ್‌ನ ಪೀಟರ್‌ಬರೋ ಎಂಬ ಊರಿನಲ್ಲಿ ಜನ ಸಭೆ ಸೇರಿದರು. ಸಾರ್ವಜನಿಕ ಹಣದಲ್ಲಿ ಒಂದು ಪಾಲನ್ನು ಎಲ್ಲರೂ ಓದುವ ಪುಸ್ತಕಗಳಿಗೆ ಇಡೋಣ ಅಂತ ತೀರ್ಮಾನಿಸಿದರು. ಬ್ರಿಟನ್ನಿನಲ್ಲಿ ಅಷ್ಟು ಸಲೀಸಾಗಲಿಲ್ಲ. ಅಲ್ಲಿ ವಿಲಿಯಂ ಯೂವರ್ಟ್ ಎಂಬ ಸಂಸದ ಸಾರ್ವಜನಿಕ ಗ್ರಂಥಾಲಯ ಮಸೂದೆ ತಂದಾಗ ಸದನದಲ್ಲಿ ದೊಡ್ಡ ವಿರೋಧ ಬಂತು. ತೆರಿಗೆ ಜಾಸ್ತಿಯಾಗುತ್ತದೆ ಎಂದರು ಕೆಲವರು. ಕೂಲಿಕಾರರು ಅಲ್ಲಿ ಸೇರಿ ರಾಜಕೀಯ ಮಾತಾಡುತ್ತಾರೆ, ಅವು ಚಳವಳಿಯ ಅಡ್ಡೆಗಳಾಗುತ್ತವೆ ಎಂದು ಹೆದರಿದರು ಇನ್ನು ಕೆಲವರು. ಒಬ್ಬ ಸದಸ್ಯರಂತೂ ತನಗೆ ಓದುವುದೇ ಇಷ್ಟವಿಲ್ಲ ಎಂದು ಎದ್ದು ನಿಂತು ಹೇಳಿದರು. ಅಷ್ಟೆಲ್ಲ ಆದ ಮೇಲೂ 1850ರಲ್ಲಿ ಕಾಯ್ದೆ ಆಯಿತು.

ಆ ಕಾಯ್ದೆಯಲ್ಲಿ ನೀವು ಗಮನಿಸಬೇಕಾದ ಒಂದು ವಿಷಯ ಇದೆ. ಹತ್ತು ಸಾವಿರಕ್ಕಿಂತ ಹೆಚ್ಚು ಜನ ಇರುವ ಪಟ್ಟಣಗಳು, ತೆರಿಗೆ ಕಟ್ಟುವವರಲ್ಲಿ ಮೂರನೇ ಎರಡು ಭಾಗ ಒಪ್ಪಿದರೆ, ಆಸ್ತಿಯ ತೆರಿಗೆ ಮೌಲ್ಯದ ಪ್ರತಿ ಪೌಂಡಿಗೆ ಅರ್ಧ ಪೆನ್ನಿಯಂತೆ ಲೈಬ್ರರಿ ತೆರಿಗೆ ಹಾಕಬಹುದಿತ್ತು. ಆ ಹಣದಲ್ಲಿ ಕಟ್ಟಡ ಕಟ್ಟಬಹುದು, ಸಂಬಳ ಕೊಡಬಹುದು. ಪುಸ್ತಕ ಕೊಳ್ಳುವ ಹಾಗಿಲ್ಲ! ಪುಸ್ತಕವನ್ನು ಯಾರಾದರೂ ದಾನ ಕೊಡಬೇಕು. ಈ ತಪ್ಪು ತಿದ್ದಿಕೊಳ್ಳಲು 1855ರವರೆಗೆ ಬೇಕಾಯಿತು. ಆಗ ತೆರಿಗೆ ಒಂದು ಪೆನ್ನಿಗೆ ಏರಿತು, ಪುಸ್ತಕ ಕೊಳ್ಳಲೂ ಅವಕಾಶ ಬಂತು. ಅದು ಹಳೆಯ ಕಥೆ ಅನ್ನಬೇಡಿ. ಇವತ್ತಿಗೂ ಕಟ್ಟಡಕ್ಕೆ ಹಣ ಬರುತ್ತದೆ, ಉದ್ಘಾಟನೆಯ ಕಲ್ಲು ನಿಲ್ಲುತ್ತದೆ. ಆಮೇಲೆ ವರ್ಷ ವರ್ಷ ಹೊಸ ಪುಸ್ತಕ ತರಿಸಲು, ಗ್ರಂಥಪಾಲಕರನ್ನು ನೇಮಿಸಲು ಹಣ ಇರುವುದಿಲ್ಲ. ಕಪಾಟಿನಲ್ಲಿ ಹದಿನೈದು ವರ್ಷ ಹಳೆಯ ಕಾನೂನು ಪುಸ್ತಕ ಇಟ್ಟುಕೊಂಡು ಜನರಿಗೆ ಹಕ್ಕಿನ ಅರಿವು ಮೂಡಿಸುವುದು ಹೇಗೆ?

ಯೂವರ್ಟ್ ಅವರಿಗೆ ಬೆನ್ನೆಲುಬಾಗಿ ನಿಂತು ಅಂಕಿ ಅಂಶ ಒದಗಿಸಿದವರು ಎಡ್ವರ್ಡ್ ಎಡ್ವರ್ಡ್ಸ್. ಎಳೆ ವಯಸ್ಸಿನಲ್ಲಿ ಇಟ್ಟಿಗೆ ಗಾರೆ ಕೆಲಸ ಕಲಿತಿದ್ದವರು, ತಾವೇ ಓದಿಕೊಂಡು ಮೇಲೆ ಬಂದವರು. 1852ರಲ್ಲಿ ಮ್ಯಾಂಚೆಸ್ಟರ್‌ನ ಲೈಬ್ರರಿ ತೆರೆದಾಗ ಅದರ ಮೊದಲ ಗ್ರಂಥಪಾಲಕರೂ ಅವರೇ. ಇಂಥವರನ್ನು ನೆನೆದಾಗ ನನಗೆ ಕಣ್ಣು ತುಂಬುತ್ತದೆ. ತಾನು ಹತ್ತಿ ಬಂದ ಏಣಿಯನ್ನು ಎಳೆದುಕೊಳ್ಳದೆ ಹಿಂದೆ ಬರುವವರಿಗೂ ಬಿಟ್ಟವರು.

ದೊಡ್ಡ ಶ್ರೀಮಂತರು, ಕಂಪನಿಗಳು ನೋಡಿಕೊಳ್ಳಲಿ ಬಿಡಿ ಎಂಬ ಮಾತೂ ಆಗಾಗ ಕೇಳಿಬರುತ್ತದೆ. ಈ ವಿಷಯದಲ್ಲಿ ಅಮೆರಿಕದ ಉಕ್ಕಿನ ಉದ್ಯಮಿ ಆಂಡ್ರ್ಯೂ ಕಾರ್ನೆಗಿಗಿಂತ ದೊಡ್ಡ ದಾನಿ ಇಲ್ಲ. ಜಗತ್ತಿನ ಬೇರೆ ಬೇರೆ ಕಡೆ 2,509 ಲೈಬ್ರರಿ ಕಟ್ಟಡಗಳಿಗೆ ಅವರ ಹಣ ಹೋಯಿತು. ಆದರೆ ಅವರ ಷರತ್ತು ಒಂದಿತ್ತು. ಜಾಗ ಊರಿನವರು ಕೊಡಬೇಕು. ಕಟ್ಟಡಕ್ಕೆ ಕೊಟ್ಟ ಹಣದ ಹತ್ತನೇ ಒಂದು ಭಾಗವನ್ನು ಪ್ರತಿ ವರ್ಷ ಊರೇ ತನ್ನ ತೆರಿಗೆಯಿಂದ ಲೈಬ್ರರಿ ನಡೆಸಲು ಇಡಬೇಕು. ಒಪ್ಪದ ಊರಿಗೆ ಹಣ ಇಲ್ಲ. ಅಷ್ಟು ದೊಡ್ಡ ಸಿರಿವಂತನೂ ಇದು ದಾನದಿಂದ ನಡೆಯುವ ಕೆಲಸ ಅಲ್ಲ ಅಂತಲೇ ತಿಳಿದಿದ್ದ. ದಾನಿಯ ಮನಸ್ಸು ಬದಲಾಗಬಹುದು. ತೆರಿಗೆಯಿಂದ ನಡೆಯುವ ಲೈಬ್ರರಿಗೆ ಹೋಗುವಾಗ ಮಾತ್ರ ನಾನು ಯಾರ ಋಣದಲ್ಲೂ ಇರುವುದಿಲ್ಲ.

ಎಲ್ಲರಿಗೂ ಅಂತ ಹೇಳುವುದು ಸುಲಭ. ಬಾಸ್ಟನ್ ಸಾರ್ವಜನಿಕ ಗ್ರಂಥಾಲಯದ 1895ರ ಕಟ್ಟಡದ ಬಾಗಿಲ ಮೇಲೆ ಎಲ್ಲರಿಗೂ ಉಚಿತ ಎಂದೇ ಕಲ್ಲಿನಲ್ಲಿ ಕೆತ್ತಿದ್ದಾರೆ. ಅದೇ ಅಮೆರಿಕದ ವರ್ಜೀನಿಯಾದಲ್ಲಿ ಅಲೆಕ್ಸಾಂಡ್ರಿಯಾ ಅಂತ ಒಂದು ಊರು. 1939ರ ಆಗಸ್ಟ್ 21ರಂದು ಅಲ್ಲಿನ ಲೈಬ್ರರಿಗೆ ಐದು ಜನ ಕಪ್ಪು ಯುವಕರು ಒಬ್ಬರ ಹಿಂದೆ ಒಬ್ಬರು ಹೋದರು. ಚೆನ್ನಾಗಿ ಬಟ್ಟೆ ಹಾಕಿಕೊಂಡಿದ್ದರು. ಸದಸ್ಯತ್ವದ ಕಾರ್ಡ್ ಕೇಳಿದರು. ಬಿಳಿಯರಿಗೆ ಮಾತ್ರ ಎಂದರು. ಯಾರೂ ವಾದಕ್ಕೆ ಇಳಿಯಲಿಲ್ಲ. ಒಬ್ಬೊಬ್ಬರೂ ಕಪಾಟಿನಿಂದ ಒಂದೊಂದು ಪುಸ್ತಕ ತೆಗೆದುಕೊಂಡು, ಬೇರೆ ಬೇರೆ ಮೇಜಿಗೆ ಹೋಗಿ ಕೂತು, ಓದತೊಡಗಿದರು. ಪೊಲೀಸರು ಬಂದು ಹಿಡಿದುಕೊಂಡು ಹೋದರು. ಶಾಂತಿ ಕದಡಿದರು ಅಂತ ಕೇಸು. ಅವರು ಮಾಡಿದ್ದು ಓದಿದ್ದು, ಅಷ್ಟೇ.

ಇದರ ಹಿಂದೆ ಇದ್ದವರು ಸ್ಯಾಮ್ಯುಯೆಲ್ ಟಕರ್ ಎಂಬ ವಕೀಲರು. ಆಗ ಅವರಿಗಿನ್ನೂ 26 ವರ್ಷ. ಊರಿನವರು ಆ ಲೈಬ್ರರಿಯ ಬಾಗಿಲು ತೆರೆಯುವ ಬದಲು ಮರುವರ್ಷ ಕಪ್ಪು ಜನರಿಗೆ ಅಂತ ಬೇರೆಯೇ ಒಂದು ಪುಟ್ಟ ಲೈಬ್ರರಿ ಕಟ್ಟಿದರು. ಟಕರ್ ಅದರ ಕಾರ್ಡ್ ತೆಗೆದುಕೊಳ್ಳಲೇ ಇಲ್ಲ. ಇರುವ ಲೈಬ್ರರಿಯ ಕಾರ್ಡ್ ಬದಲಿಗೆ ಇದನ್ನು ಕೊಟ್ಟರೆ ಎಂದೆಂದಿಗೂ ಒಪ್ಪುವುದಿಲ್ಲ ಎಂದು ಕಾಗದ ಬರೆದರು. ಆ ಐವರ ಮೇಲಿನ ಕೇಸು ಕಾಗದದ ಮೇಲೆ ಪೂರ್ತಿ ವಜಾ ಆದದ್ದು 2019ರಲ್ಲಿ. ಎಂಬತ್ತು ವರ್ಷ!

ಬಾಗಿಲು ಎಲ್ಲರಿಗೂ ಒಂದೇ ಇರಬೇಕು ಅಂತ ಟಕರ್ ಹಟ ಹಿಡಿದದ್ದು ಯಾಕೆ ಅಂತ ನನಗೆ ನನ್ನದೇ ಬದುಕಿನಿಂದ ಗೊತ್ತು. ಹದಿನೇಳು ವರ್ಷದವನಿದ್ದಾಗ ನಮ್ಮ ಮನೆಯಲ್ಲಿ ಹತ್ತಿರದವರೊಬ್ಬರಿಗೆ ಮನಸ್ಸಿನ ಕಾಯಿಲೆ ಬಂತು. ಮನೆಯಲ್ಲಿ ಆ ಮಾತನ್ನೇ ಆಡುತ್ತಿರಲಿಲ್ಲ. ಹೊರಗೆ ಕೇಳುವ ಹಾಗೂ ಇರಲಿಲ್ಲ. ಲೈಬ್ರರಿಯಲ್ಲಿ ಎರಡು ದಿನ ಕಪಾಟಿನ ಸುತ್ತ ಓಡಾಡಿ, ಮೂರನೇ ದಿನ ಒಂದು ಪುಸ್ತಕ ತೆಗೆದೆ. ಹೆಸರು ಕಾಣದ ಹಾಗೆ ಮುಖಪುಟ ಕೆಳಗೆ ಮಾಡಿ, ಅದರ ಮೇಲೆ ಒಂದು ಕಥೆ ಪುಸ್ತಕ ಇಟ್ಟು ಕೌಂಟರಿಗೆ ಒಯ್ದೆ. ಎದೆ ಹೊಡೆದುಕೊಳ್ಳುತ್ತಿತ್ತು. ಗ್ರಂಥಪಾಲಕರು ಎರಡೂ ಪುಸ್ತಕದ ಹಿಂದಿನ ಹಾಳೆ ತೆಗೆದರು, ದಿನಾಂಕದ ಸೀಲು ಒತ್ತಿದರು. ಹೆಸರು ಓದಿದ್ದರೋ ಇಲ್ಲವೋ, ಮುಖದಲ್ಲಿ ಏನೂ ತೋರಿಸಲಿಲ್ಲ. ಪುಸ್ತಕವನ್ನು ನಾನು ತಂದಿದ್ದ ಹಾಗೆಯೇ, ಮುಖಪುಟ ಕೆಳಗೆ ಮಾಡಿಯೇ ವಾಪಸ್ ಇಟ್ಟು, "ಹದಿನೈದು ದಿನ ಇದೆ. ಮುಗೀದಿದ್ರೆ ಬನ್ನಿ, ಮತ್ತೆ ಬರ್ಕೊಡ್ತೀನಿ" ಎಂದರು.

ಬನ್ನಿ ಎಂದರು. ಅಲ್ಲಿಯವರೆಗೆ ದೊಡ್ಡವರು ಯಾರೂ ನನ್ನನ್ನು ಬಹುವಚನದಲ್ಲಿ ಮಾತಾಡಿಸಿರಲಿಲ್ಲ. ಶಾಲೆಯಲ್ಲಿ ಬಾರೋ ಹೋಗೋ, ಮನೆಯಲ್ಲೂ ಅದೇ. ಯಾಕೆ ಬೇಕು, ಯಾರಿಗೆ ಬೇಕು, ನಿನಗೆ ಅರ್ಥ ಆಗುತ್ತಾ ಅಂತ ಏನೂ ಕೇಳದೆ, ಒಬ್ಬ ಪೂರ್ತಿ ಮನುಷ್ಯ ಅಂತ ಲೆಕ್ಕ ಹಿಡಿದ ಮೊದಲ ಸಾರ್ವಜನಿಕ ಜಾಗ ನನಗೆ ಆ ಕೌಂಟರು. ಮತದಾರರ ಪಟ್ಟಿಗೆ ಹೆಸರು ಸೇರಿದ್ದು ಆಮೇಲೆ. ನಾಗರಿಕ ಆದದ್ದು ಅವತ್ತೇ ಅಂತ ನನಗೆ ಅನಿಸುತ್ತದೆ.

ಹಾಗಾಗಿ ಯಾರು ಏನು ಓದಿದರು ಎಂಬ ಪಟ್ಟಿಯನ್ನು ಯಾರಾದರೂ ಕೇಳಿದಾಗ ನನಗೆ ಮೈ ಉರಿಯುತ್ತದೆ. 2005ರಲ್ಲಿ ಅಮೆರಿಕದ ಕನೆಕ್ಟಿಕಟ್ ರಾಜ್ಯದಲ್ಲಿ ಇದು ನಡೆಯಿತು. ಲೈಬ್ರರಿಯ ಕಂಪ್ಯೂಟರ್ ಬಳಸಿದವರ ವಿವರ ಕೊಡಿ ಅಂತ ಕೇಂದ್ರ ತನಿಖಾ ಸಂಸ್ಥೆ ಎಫ್‌ಬಿಐ ಪತ್ರ ಕೊಟ್ಟಿತು. ನ್ಯಾಯಾಧೀಶರ ಆದೇಶ ಇರಲಿಲ್ಲ. ಪತ್ರ ಬಂದಿದೆ ಅಂತ ಯಾರಿಗೂ ಹೇಳಬಾರದು ಎಂಬ ಕಟ್ಟಪ್ಪಣೆ ಬೇರೆ. ಲೈಬ್ರರಿಗಳ ಒಕ್ಕೂಟದ ನಾಲ್ವರು ಕೊಡುವುದಿಲ್ಲ ಎಂದು ಕೋರ್ಟಿಗೆ ಹೋದರು. ಅದೇ ಹೊತ್ತಿಗೆ ಆ ಅಧಿಕಾರ ಕೊಟ್ಟ ಕಾನೂನನ್ನು ಮುಂದುವರಿಸಬೇಕೋ ಬೇಡವೋ ಎಂದು ಸಂಸತ್ತಿನಲ್ಲಿ ಚರ್ಚೆ ನಡೆಯುತ್ತಿತ್ತು. ತಮಗೇನಾಯಿತು ಎಂದು ಹೇಳಬೇಕಾಗಿದ್ದ ನಾಲ್ವರ ಬಾಯಿ ಮಾತ್ರ ಕಟ್ಟಿತ್ತು. 2006ರಲ್ಲಿ, ಆ ಚರ್ಚೆ ಮುಗಿದ ಮೇಲೆ, ಸರ್ಕಾರ ಅಪ್ಪಣೆಯನ್ನೂ ಬೇಡಿಕೆಯನ್ನೂ ಹಿಂದೆ ತೆಗೆದುಕೊಂಡಿತು. ಓದುಗರ ವಿವರ ಕೊನೆಗೂ ಹೋಗಲಿಲ್ಲ.

ನಿಮ್ಮಲ್ಲಿ ಕೆಲವರಿಗೆ ಪುಸ್ತಕಗಳ ಬಗ್ಗೆಯೇ ಆತಂಕ ಇರುತ್ತದೆ. ಈ ಪುಸ್ತಕ ಬೇಡ, ಆ ಲೇಖಕರು ಬೇಡ ಎಂದು ಪಟ್ಟಿ ಬರುತ್ತದೆ. ಪಟ್ಟಿ ಕಳಿಸುವವರು ಒಂದು ಪಕ್ಷದವರು ಮಾತ್ರ ಅಲ್ಲ, ಅದನ್ನೂ ಹೇಳಬೇಕು. ಯುನೆಸ್ಕೊ 1949ರಲ್ಲೇ ಸಾರ್ವಜನಿಕ ಗ್ರಂಥಾಲಯಗಳ ಬಗ್ಗೆ ಪ್ರಣಾಳಿಕೆ ಹೊರಡಿಸಿತು. ಆಮೇಲೆ 1972, 1994, 2022ರಲ್ಲಿ ಅದನ್ನು ಹೊಸದು ಮಾಡಿದರು. ಪುಸ್ತಕ ಸಂಗ್ರಹದ ಮೇಲೆ ಸಿದ್ಧಾಂತದ, ರಾಜಕೀಯದ, ಧರ್ಮದ ಕತ್ತರಿ ಆಡಬಾರದು, ವ್ಯಾಪಾರದ ಒತ್ತಡವೂ ಇರಬಾರದು ಎಂದು ಅದರಲ್ಲಿ ಸ್ಪಷ್ಟವಾಗಿ ಇದೆ. ಇವತ್ತು ನೀವು ತೆಗೆಸಿದರೆ, ನಾಳೆ ಅಧಿಕಾರಕ್ಕೆ ಬಂದವರು ನಿಮ್ಮವರ ಪುಸ್ತಕ ತೆಗೆಸುತ್ತಾರೆ. ಕಪಾಟು ಬರಿದಾಗುವುದು ಓದುಗರದ್ದು. ಒಂದು ಪುಸ್ತಕ ತಪ್ಪು ಹೇಳುತ್ತಿದೆ ಅನಿಸಿದರೆ ಅದಕ್ಕೆ ಉತ್ತರ ಕೊಡುವ ಪುಸ್ತಕವನ್ನು ಪಕ್ಕದಲ್ಲಿ ಇಡಿಸಿ. ಮೂರು ಪತ್ರಿಕೆ ಹರಡಿಕೊಂಡು ಕೂರುವ ಆ ಅಜ್ಜನಂಥವರು ಎರಡನ್ನೂ ಓದಿ ನೋಡುತ್ತಾರೆ.

ತೆಗೆಸದೆಯೂ ಪುಸ್ತಕವನ್ನು ಜನರಿಂದ ದೂರ ಇಡಬಹುದು. ಗಾಜಿನ ಬೀರುವಿಗೆ ಬೀಗ. ಬೀಗದ ಕೈ ಇರುವವರು ರಜೆ. ಒಳಗಿನ ಪುಸ್ತಕ ಕಾಣುತ್ತದೆ, ಕೈಗೆ ಸಿಗುವುದಿಲ್ಲ. ಹಳೆಯ ಕಾಲದಲ್ಲಿ ಯುರೋಪಿನಲ್ಲಿ ಪುಸ್ತಕಕ್ಕೆ ಸರಪಳಿ ಕಟ್ಟುತ್ತಿದ್ದರು. ಇಂಗ್ಲೆಂಡಿನ ಹೆರಿಫರ್ಡ್ ಕೆಥೆಡ್ರಲ್‌ನಲ್ಲಿ ಅಂಥ ಸರಪಳಿ ಲೈಬ್ರರಿ ಈಗಲೂ ಇದೆ. ಎಸ್. ಆರ್. ರಂಗನಾಥನ್ ಗಣಿತದ ಮೇಷ್ಟರಾಗಿದ್ದವರು. 1924ರಲ್ಲಿ ಮದ್ರಾಸ್ ವಿಶ್ವವಿದ್ಯಾಲಯದ ಗ್ರಂಥಪಾಲಕರಾದರು. 1931ರಲ್ಲಿ ಅವರು ಕೊಟ್ಟ ಐದು ಸೂತ್ರಗಳನ್ನು ಜಗತ್ತಿನ ಎಲ್ಲ ಕಡೆಯ ಗ್ರಂಥಪಾಲಕರೂ ಕಲಿಯುತ್ತಾರೆ. ಪುಸ್ತಕ ಇರುವುದು ಬಳಸಲಿಕ್ಕೆ, ಇದು ಮೊದಲನೆಯದು. ಪ್ರತಿ ಓದುಗರಿಗೂ ಅವರ ಪುಸ್ತಕ, ಪ್ರತಿ ಪುಸ್ತಕಕ್ಕೂ ಅದರ ಓದುಗ, ಓದುಗರ ಸಮಯ ಉಳಿಸಿ, ಲೈಬ್ರರಿ ಬೆಳೆಯುವ ಜೀವ, ಇವು ಉಳಿದ ನಾಲ್ಕು. ಇಷ್ಟು ಸರಳ. ಬೀಗ ಹಾಕಿದ ಬೀರುವಿನ ಮುಂದೆ ನಿಂತಾಗ ಮೊದಲ ಸೂತ್ರದಲ್ಲೇ ಸೋತಿದ್ದೇವೆ. ಪುಸ್ತಕ ಕಳೆದರೆ ಸಿಬ್ಬಂದಿಯ ಸಂಬಳದಲ್ಲಿ ಹಿಡಿಯುವ ನಿಯಮ ಎಲ್ಲಾದರೂ ಇದ್ದರೆ ದಯವಿಟ್ಟು ಅದನ್ನು ಮೊದಲು ತೆಗೆಯಿರಿ. ಬೀಗ ತಾನಾಗಿಯೇ ಬಿಚ್ಚಿಕೊಳ್ಳುತ್ತದೆ.

ಮನಸ್ಸು ಮಾಡಿದರೆ ಏನು ಸಾಧ್ಯ ಅನ್ನುವುದಕ್ಕೆ ಫಿನ್ಲೆಂಡ್ ನೋಡಿ. ಹೆಲ್ಸಿಂಕಿಯಲ್ಲಿ 'ಓಡಿ' ಎಂಬ ಹೆಸರಿನ ಲೈಬ್ರರಿ ತೆರೆದದ್ದು 2018ರ ಡಿಸೆಂಬರ್ 5ರಂದು, ಆ ದೇಶದ ಸ್ವಾತಂತ್ರ್ಯ ದಿನದ ಹಿಂದಿನ ದಿನ. ಅದನ್ನು ಕಟ್ಟಿರುವುದು ಸಂಸತ್ ಭವನದ ಎದುರಿಗೆ. ಕಾನೂನು ಮಾಡುವವರು ಹೊರಗೆ ನೋಡಿದರೆ ಓದುವವರು ಕಾಣಬೇಕು, ಓದುವವರು ತಲೆ ಎತ್ತಿದರೆ ಕಾನೂನು ಮಾಡುವವರ ಮನೆ ಕಾಣಬೇಕು. ಒಳಗೆ ಪುಸ್ತಕದ ಜೊತೆಗೆ ಹೊಲಿಗೆ ಯಂತ್ರವೂ ಇದೆ, ಸಭೆ ಸೇರುವ ಕೋಣೆಯೂ ಇದೆ. ಆ ದೇಶದ ಗ್ರಂಥಾಲಯ ಕಾಯ್ದೆಯಲ್ಲಿ ಪ್ರಜಾಪ್ರಭುತ್ವ, ಅಭಿವ್ಯಕ್ತಿ ಸ್ವಾತಂತ್ರ್ಯ ಎಂಬ ಪದಗಳನ್ನೇ ಲೈಬ್ರರಿಯ ಗುರಿ ಎಂದು ಬರೆದಿದ್ದಾರೆ. ನಾರ್ವೆಯವರೂ ತಮ್ಮ ಕಾಯ್ದೆ ತಿದ್ದಿ, ಲೈಬ್ರರಿ ಅಂದರೆ ಜನ ಸೇರಿ ಚರ್ಚೆ ಮಾಡುವ ಸ್ವತಂತ್ರ ಜಾಗ ಎಂದು 2014ರಿಂದ ಸೇರಿಸಿದ್ದಾರೆ. ಬ್ರಿಟನ್ನಿನ ಆ ಸಂಸದರು ಯಾವುದಕ್ಕೆ ಹೆದರಿದ್ದರೋ ಅದನ್ನೇ ಇವರು ಕರೆದು ಕೂರಿಸಿದ್ದಾರೆ.

ಜನ ಲೈಬ್ರರಿಯನ್ನು ತಮ್ಮದು ಅಂದುಕೊಂಡರೆ ಏನಾಗುತ್ತದೆ ಅನ್ನುವುದೂ ಗೊತ್ತಿದೆ. 2011ರ ಜನವರಿಯಲ್ಲಿ ಈಜಿಪ್ಟಿನ ಬೀದಿ ಬೀದಿಯಲ್ಲಿ ಸರ್ಕಾರದ ವಿರುದ್ಧ ಜನ ಇಳಿದರು. ಪೊಲೀಸರು ಕಾಣೆಯಾದರು. ಆಗ ಆ ದೇಶದ ಅಲೆಕ್ಸಾಂಡ್ರಿಯಾ ನಗರದ ದೊಡ್ಡ ಲೈಬ್ರರಿಯ ಸುತ್ತ ಹುಡುಗ ಹುಡುಗಿಯರು ಕೈ ಕೈ ಹಿಡಿದು ಸಾಲಾಗಿ ನಿಂತರು, ಯಾರೂ ಅದಕ್ಕೆ ಕೈ ಹಚ್ಚದ ಹಾಗೆ. ಸಿಟ್ಟು ಆಳುವವರ ಮೇಲಿತ್ತು. ಆ ಕಟ್ಟಡ ಸರ್ಕಾರದ್ದೇ ಆದರೂ ಅವರ ಕಣ್ಣಿಗೆ ಅದು ಆಳುವವರ ಸ್ವತ್ತಾಗಿ ಕಾಣಲಿಲ್ಲ.

ನಾನು ಕೇಳುವುದು ಜಾಸ್ತಿ ಏನೂ ಇಲ್ಲ. ಕೆಲಸ ಮುಗಿಸಿ ಬರುವವರಿಗೆ ಸಿಗುವ ಹಾಗೆ ಸಂಜೆ ಮತ್ತು ರಜೆಯ ದಿನ ಬಾಗಿಲು ತೆರೆದಿರಲಿ. ಲೈಬ್ರರಿಯ ಹೆಸರಿನಲ್ಲಿ ತೆಗೆದುಕೊಂಡ ತೆರಿಗೆ ಲೈಬ್ರರಿಗೇ ಹೋಗಲಿ, ಅದರಲ್ಲಿ ಪುಸ್ತಕದ ಪಾಲು ಬೇರೆಯಾಗಿ ಇರಲಿ. ತರಬೇತಾದ ಗ್ರಂಥಪಾಲಕರನ್ನು ನೇಮಿಸಿ, ಚುನಾವಣೆ ಕೆಲಸ ಗಣತಿ ಕೆಲಸ ಅಂತ ಅವರನ್ನು ಎತ್ತಿಕೊಂಡು ಹೋಗಬೇಡಿ. ಯಾರು ಏನು ಓದಿದರು ಎಂಬ ಪಟ್ಟಿ ಕೋರ್ಟಿನ ಆದೇಶ ಇಲ್ಲದೆ ಆ ಕೌಂಟರು ದಾಟಿ ಹೊರಗೆ ಹೋಗಬಾರದು.

ಇದಕ್ಕೆಲ್ಲ ಮುಂಚೆ ಇನ್ನೊಂದು ಕೇಳಿಕೆ. ಒಂದು ಬೆಳಿಗ್ಗೆ ನಿಮ್ಮ ಹತ್ತಿರದ ಲೈಬ್ರರಿಗೆ ಹೋಗಿ. ಮುಂಚೆ ತಿಳಿಸಬೇಡಿ, ಕಾರು ದೂರ ನಿಲ್ಲಿಸಿ, ಹಿಂದೆ ಮುಂದೆ ಯಾರೂ ಬೇಡ. ಪತ್ರಿಕೆಯ ಮೇಜಿನಲ್ಲಿ ಒಂದು ಕುರ್ಚಿ ಎಳೆದುಕೊಂಡು ಒಂದು ಗಂಟೆ ಕೂತುಕೊಳ್ಳಿ. ಪಕ್ಕದವರು ಏನು ಓದುತ್ತಾರೆ, ಯಾರು ಬಂದು ಕೌಂಟರಿನಲ್ಲಿ ಏನು ಕೇಳುತ್ತಾರೆ, ಬಾಗಿಲ ಹತ್ತಿರ ಬಂದು ಹಿಂಜರಿದು ನಿಲ್ಲುವವರು ಯಾರು, ನೋಡಿ. ನಿಮ್ಮ ಹೆಸರನ್ನು ಯಾರೂ ಕೇಳುವುದಿಲ್ಲ.

ಇಂತಿ,
ನಿಮ್ಮ ಪಕ್ಕದ ಕುರ್ಚಿಯಲ್ಲಿ ಕೂತಿರಬಹುದಾದ ಒಬ್ಬ ಓದುಗ